ಬರೆಯುವ ನಾಯಕ, ಬರೆಯಿಸುವ ನಾಯಕ

ಆಳಂದ ತಾಲ್ಲೂಕಿನ ಕಡಗಂಚಿ ಇಂದು ಹೊರಗಿನವರಿಗೆ ಪರಿಚಿತವಾಗಿರುವುದು ಕರ್ನಾಟಕ ಕೇಂದ್ರೀಯ ವಿಶ್ವವಿದ್ಯಾಲಯದ ಊರಾಗಿ. ಆ ಸಂಸ್ಥೆ ಹುಟ್ಟಿದ್ದು 2009ರಲ್ಲಿ. ಊರಿಗೆ ಗ್ರಂಥದ ನಂಟು ಮಾತ್ರ ಅದಕ್ಕಿಂತ ಶತಮಾನಗಳಷ್ಟು ಹಳೆಯದು. ದತ್ತಭಕ್ತರ ಮನೆಗಳಲ್ಲಿ ಇಂದಿಗೂ ಪಾರಾಯಣವಾಗುವ ಮರಾಠಿ ‘ಗುರುಚರಿತ್ರೆ’ಯ ಕರ್ತೃ ಸರಸ್ವತಿ ಗಂಗಾಧರ ಕಡಗಂಚಿಯವನು ಎಂಬುದು ಸಂಪ್ರದಾಯದ ನಂಬಿಕೆ. ಅವನ ಪೂರ್ವಜ ಸಾಯಂದೇವ ಗಾಣಗಾಪುರದ ನೃಸಿಂಹ ಸರಸ್ವತಿಗಳ ನೇರ ಶಿಷ್ಯನೆಂದು ಅದೇ ಸಂಪ್ರದಾಯ ಹೇಳುತ್ತದೆ. ಮನೆಮಾತು ಕನ್ನಡವಾಗಿದ್ದವನು ಮರಾಠಿಯಲ್ಲಿ ರಚಿಸಿದ ಈ ಗ್ರಂಥದ ಒಳಗೆ ಗುರುಸ್ತುತಿಯ ಕನ್ನಡ ಪದಗಳೂ ಉಳಿದುಕೊಂಡಿವೆ.

ಅಫಜಲಪುರ ತಾಲ್ಲೂಕಿನಲ್ಲಿ, ಭೀಮಾ ಮತ್ತು ಅಮರ್ಜಾ ಕೂಡುವಲ್ಲಿ ನೆಲೆನಿಂತ ನೃಸಿಂಹ ಸರಸ್ವತಿಗಳು ಜನಮನದಲ್ಲಿ ಉಳಿದದ್ದು ತಾವು ಬರೆದ ಪುಸ್ತಕದಿಂದಲ್ಲ, ಶಿಷ್ಯವಂಶದವರು ಬರೆದ ಪುಸ್ತಕದಿಂದ. ಅದೇ ಸೀಮೆಯ ಜೇವರ್ಗಿಯಲ್ಲಿ ನಡೆದದ್ದು ಬೇರೆ ಬಗೆ. ಹದಿನೇಳನೆಯ ಶತಮಾನದಲ್ಲಿ ಅಲ್ಲಿಯ ಮಠದ ಅಧಿಕಾರ ಹೊತ್ತ ಷಣ್ಮುಖಸ್ವಾಮಿಗಳು ‘ಅಖಂಡೇಶ್ವರ’ ಅಂಕಿತದಲ್ಲಿ ತಾವೇ ನೂರಾರು ವಚನಗಳನ್ನು ರಚಿಸಿದರು. ಬಸವಣ್ಣನವರ ಕಾಲಕ್ಕೆ ಐನೂರು ವರ್ಷ ಈಚಿನವರಾದ ಅವರು ವಚನದ ದನಿಯನ್ನು ಮತ್ತೆ ಎತ್ತಿ ಹಿಡಿದವರಲ್ಲಿ ಮುಖ್ಯರು. ಒಂದೇ ಭೀಮಾ ತೀರ, ಅಕ್ಕಪಕ್ಕದ ತಾಲ್ಲೂಕುಗಳು. ಒಂದು ಕಡೆ ಗುರು ಬದುಕಿದರು, ಬರೆಯುವ ಹೊಣೆ ಶಿಷ್ಯರ ಪಾಲಿಗೆ ಬಂತು. ಇನ್ನೊಂದು ಕಡೆ ಪೀಠದ ಮೇಲೆ ಕೂತವರೇ ಲೇಖನಿ ಹಿಡಿದರು.

ಮುಂದೆ ನಿಂತು ನಡೆಸುವವರು ಸೃಜನಶೀಲವಾದ ಕೆಲಸವನ್ನು ಸ್ವತಃ ಮಾಡಬೇಕೆ, ಬಲ್ಲವರಿಗೆ ಒಪ್ಪಿಸಬೇಕೆ ಎಂಬ ಪ್ರಶ್ನೆ ಮಠ ಮತ್ತು ಆಸ್ಥಾನಗಳಿಗೆ ಮಾತ್ರ ಸೇರಿದ್ದಲ್ಲ. ಶಾಲೆಯ ಗ್ಯಾದರಿಂಗಿಗೆ ನಾಟಕ ಬರೆಯಬೇಕಾದ ಮುಖ್ಯಗುರುಗಳು, ತಂಡ ಕಟ್ಟಿದ ರಂಗನಿರ್ದೇಶಕರು, ಸಂಪುಟವೊಂದರ ಪ್ರಧಾನ ಸಂಪಾದಕರು, ಸಭೆಯಲ್ಲಿ ಭಾಷಣ ಮಾಡಬೇಕಾದ ಸಚಿವರು, ವಿಶ್ವವಿದ್ಯಾಲಯದ ವಿಭಾಗದ ಮುಖ್ಯಸ್ಥರು ಇವರೆಲ್ಲರೂ ಇದನ್ನು ಎದುರಿಸುತ್ತಾರೆ. ಎರಡೂ ಪಕ್ಷದಲ್ಲಿ ಪ್ರಾಮಾಣಿಕರಿದ್ದಾರೆ, ಎರಡಕ್ಕೂ ಗಟ್ಟಿಯಾದ ಕಾರಣಗಳಿವೆ. ಆದ್ದರಿಂದ ತೀರ್ಪಿಗೆ ಅವಸರಪಡದೆ ಒಂದೊಂದೇ ವಾದವನ್ನು ಅದರ ಪೂರ್ಣ ಬಲದೊಂದಿಗೆ ಕೇಳಿಸಿಕೊಳ್ಳುವುದು ಒಳ್ಳೆಯದು.

ಸ್ವತಃ ಮಾಡಬೇಕೆನ್ನುವವರ ಬಾಯಲ್ಲಿ ಮೊದಲು ಬರುವುದು ಒಂದು ಗಾದೆ: ತಾ ಮಾಡಿದ್ದು ಉತ್ತಮ, ಮಗ ಮಾಡಿದ್ದು ಮಧ್ಯಮ, ಆಳು ಮಾಡಿದ್ದು ಹಾಳು. ಒಕ್ಕಲುತನದಿಂದ ಬಂದ ಈ ಮಾತಿಗೆ ರಚನೆಯ ಲೋಕದಲ್ಲಿ ಇನ್ನೂ ಆಳವಾದ ಸಮರ್ಥನೆ ಇದೆ. ಬಸವಣ್ಣ ಕಲ್ಯಾಣದಲ್ಲಿ ಬಿಜ್ಜಳನ ಭಂಡಾರಿಯಾಗಿದ್ದವರು. ಅಧಿಕಾರವಿತ್ತು, ಸುತ್ತ ಪಂಡಿತರಿದ್ದರು, ಬೇಕೆಂದರೆ ತಮ್ಮ ವಿಚಾರವನ್ನು ಬೇರೆಯವರಿಂದ ಗ್ರಂಥವಾಗಿಸಬಹುದಿತ್ತು. ಅವರು ತಾವೇ ವಚನ ಹೇಳಿದರು, ಮತ್ತು ಆ ವಚನಗಳಲ್ಲಿ ಅತ್ಯಂತ ಕಟುವಾದವು ತಮ್ಮನ್ನೇ ಕಟಕಟೆಗೆ ನಿಲ್ಲಿಸಿಕೊಂಡವು. ಆಳುವ ವರ್ಗದ ಒಬ್ಬ ವ್ಯಕ್ತಿ ತನ್ನ ಮನಸ್ಸಿನ ಚಂಚಲತೆಯನ್ನು, ತನ್ನ ಭಕ್ತಿಯ ಕೊರತೆಯನ್ನು ಎಲ್ಲರ ಮುಂದೆ ಬಿಚ್ಚಿಡುವ ಮಾತನ್ನು ಸಂಬಳದ ಕವಿ ಬರೆದುಕೊಡಲಾರ. ಬರೆದುಕೊಟ್ಟರೂ ಅದು ಸುಳ್ಳಾಗುತ್ತದೆ. ನಡೆ ಮತ್ತು ನುಡಿ ಒಂದೇ ಎದೆಯಿಂದ ಬರಬೇಕಾದ ಕಡೆ ಇನ್ನೊಬ್ಬರ ಕೈಗೆ ಜಾಗವಿಲ್ಲ. ಷಣ್ಮುಖಸ್ವಾಮಿಗಳ ವಿಷಯದಲ್ಲೂ ಇದೇ ಮಾತು ಸಲ್ಲುತ್ತದೆ. ಮಠಾಧಿಪತಿಯ ಅನುಭಾವವನ್ನು ಆಸ್ಥಾನಕವಿಯಿಂದ ಹೇಳಿಸಿದ್ದರೆ ಅದು ಸ್ತೋತ್ರವಾಗುತ್ತಿತ್ತು, ವಚನವಾಗುತ್ತಿರಲಿಲ್ಲ.

ಈ ವಾದವನ್ನು ಮನ್ನಿಸಿಯೂ ಎದುರು ಪಕ್ಷದವರು ಒಂದು ಪ್ರಶ್ನೆ ಕೇಳುತ್ತಾರೆ: ಎಲ್ಲ ರಚನೆಯೂ ಆತ್ಮನಿವೇದನೆಯೆ? ಸೇಡಂ ತಾಲ್ಲೂಕಿನ ಮಳಖೇಡ ಒಂದು ಕಾಲಕ್ಕೆ ರಾಷ್ಟ್ರಕೂಟರ ರಾಜಧಾನಿ ಮಾನ್ಯಖೇಟ. ಅಲ್ಲಿ ಅಮೋಘವರ್ಷ ನೃಪತುಂಗ ಅರವತ್ತಕ್ಕೂ ಹೆಚ್ಚು ವರ್ಷ ಆಳಿದ. ಉಪಲಬ್ಧ ಕನ್ನಡ ಗ್ರಂಥಗಳಲ್ಲಿ ಮೊದಲನೆಯದಾದ ‘ಕವಿರಾಜಮಾರ್ಗ’ ಸುಮಾರು ಕ್ರಿ.ಶ. 850ರ ಹೊತ್ತಿಗೆ ಆ ಆಸ್ಥಾನದಲ್ಲಿ ಹುಟ್ಟಿತು. ಅದನ್ನು ನೃಪತುಂಗನೇ ಬರೆದನೆಂದು ಒಂದು ಕಾಲದ ವಿದ್ವಾಂಸರು ನಂಬಿದ್ದರು. 1898ರಲ್ಲಿ ಕೆ.ಬಿ. ಪಾಠಕರು ಮೊದಲು ಮುದ್ರಿಸಿದಾಗ ಅದು ನೃಪತುಂಗನ ಕೃತಿಯೆಂದೇ ಹೊರಬಂತು. ಇಂದು ಹೆಚ್ಚಿನ ವಿದ್ವಾಂಸರು ಒಪ್ಪಿರುವುದು ಶ್ರೀವಿಜಯನ ಕರ್ತೃತ್ವವನ್ನು. ಕೃತಿ ನೃಪತುಂಗನ ಅನುಮತಿ ಪಡೆದದ್ದು ಎಂಬ ಮಾತು ಗ್ರಂಥದ ಒಳಗೇ ಇದೆ. ದಂಡಿಯ ‘ಕಾವ್ಯಾದರ್ಶ’ವನ್ನು ಅರಗಿಸಿಕೊಂಡು, ಅದರ ಅಳತೆಗೋಲನ್ನು ಕನ್ನಡಕ್ಕೆ ಹೊಂದಿಸಿ, ನಾಡಿನ ಎಲ್ಲೆಯನ್ನೂ ನುಡಿಯ ತಿರುಳನ್ನೂ ಗುರುತಿಸುವ ಕೆಲಸಕ್ಕೆ ವರ್ಷಗಳ ಏಕಾಗ್ರತೆ ಬೇಕು. ಗಡಿಯಲ್ಲಿ ಯುದ್ಧ, ಮನೆಯಲ್ಲಿ ಬಂಡಾಯ ಎದುರಿಸುತ್ತಿದ್ದ ಅರಸನಿಗೆ ಅಷ್ಟು ಬಿಡುವು ಎಲ್ಲಿಂದ ಬರಬೇಕು? ಅವನು ಬಲ್ಲವನನ್ನು ಗುರುತಿಸಿದ, ನೆರಳು ಕೊಟ್ಟ, ಒಪ್ಪಿಗೆ ಮುದ್ರೆ ಒತ್ತಿದ. ಕನ್ನಡಕ್ಕೆ ಸಿಕ್ಕ ಲಾಭ ದೊಡ್ಡದು.

ಒಪ್ಪಿಸುವವರ ಪಕ್ಷಕ್ಕೆ ಮಾನ್ಯಖೇಟ ಇನ್ನೂ ಒಂದು ಪುರಾವೆ ಕೊಡುತ್ತದೆ. ಅದೇ ಅರಸನ ಆಶ್ರಯದ ಕಾಲದಲ್ಲಿ ಮಹಾವೀರಾಚಾರ್ಯ ‘ಗಣಿತಸಾರಸಂಗ್ರಹ’ ಬರೆದ, ಶಾಕಟಾಯನ ವ್ಯಾಕರಣಕ್ಕೆ ವೃತ್ತಿ ಬರೆದು ಅದಕ್ಕೆ ಅರಸನ ಹೆಸರಿಟ್ಟ, ಜಿನಸೇನರಂಥವರು ಜೈನಶಾಸ್ತ್ರದ ಮಹಾವ್ಯಾಖ್ಯಾನವನ್ನು ಪೂರ್ಣಗೊಳಿಸಿದರು. ಗಣಿತ, ವ್ಯಾಕರಣ, ಕಾವ್ಯಶಾಸ್ತ್ರ, ಸಿದ್ಧಾಂತ ಇಷ್ಟೂ ಒಬ್ಬನ ತಲೆಯಲ್ಲಿ ಹಿಡಿಯುವುದಿಲ್ಲ. ಒಬ್ಬ ಎಷ್ಟೇ ಪ್ರತಿಭಾವಂತನಾದರೂ ಅವನ ಕೃತಿ ಅವನ ಅಳತೆಯದು. ಹತ್ತು ಜನರಿಗೆ ಎಡೆ ಕೊಟ್ಟವನ ಕಾಲ ಹತ್ತು ಜನರ ಅಳತೆಗೆ ಬೆಳೆಯುತ್ತದೆ. ನೃಪತುಂಗನ ಹೆಸರಿನಲ್ಲೂ ‘ಪ್ರಶ್ನೋತ್ತರ ರತ್ನಮಾಲಿಕೆ’ ಎಂಬ ಚಿಕ್ಕ ಸಂಸ್ಕೃತ ಕೃತಿ ಪ್ರಚಲಿತವಿದೆ. ಅದರ ಕರ್ತೃತ್ವಕ್ಕೆ ಬೇರೆ ಹಕ್ಕುದಾರರೂ ಇದ್ದಾರೆ. ಅವನದೇ ಎಂದು ಒಪ್ಪಿದರೂ, ಬರೆದದ್ದಕ್ಕಿಂತ ಬರೆಯಿಸಿದ್ದು ಎಷ್ಟೋ ಪಾಲು ಹಿರಿದು ಎಂಬುದರಲ್ಲಿ ಸಂದೇಹವಿಲ್ಲ.

ಆದರೆ ಬರೆಯಿಸುವಿಕೆಗೆ ಒಂದು ಸಹಜ ರೋಗವಿದೆ, ಅದು ಹೊಗಳಿಕೆ. ಕಲ್ಯಾಣದ ಚಾಲುಕ್ಯ ಆರನೆಯ ವಿಕ್ರಮಾದಿತ್ಯ ಕಾಶ್ಮೀರದಿಂದ ಬಂದ ಬಿಲ್ಹಣನಿಗೆ ಆಶ್ರಯ ಕೊಟ್ಟ. ಬಿಲ್ಹಣ ‘ವಿಕ್ರಮಾಂಕದೇವಚರಿತ’ ಬರೆದ. ಅಣ್ಣ ಇಮ್ಮಡಿ ಸೋಮೇಶ್ವರನನ್ನು ಪಟ್ಟದಿಂದ ಇಳಿಸಿದ ಕಹಿ ಘಟನೆ ಆ ಕಾವ್ಯದಲ್ಲಿ ಸಾಕ್ಷಾತ್ ಶಿವನ ಆದೇಶವಾಗಿ ಮಾರ್ಪಟ್ಟಿತು. ಕವಿತ್ವಕ್ಕೆ ಕೊರತೆಯಿಲ್ಲ, ಅರಸನನ್ನು ಆತ್ಮಪರೀಕ್ಷೆಗೆ ಒಡ್ಡುವ ಸತ್ಯಕ್ಕೆ ಕೊರತೆ ಬಂತು. ಪಂಪನಂಥ ಮಹಾಕವಿಯ ಮೇಲೂ ಆಶ್ರಯದ ನೆರಳು ಬಿದ್ದಿದೆ. 941ರ ‘ವಿಕ್ರಮಾರ್ಜುನ ವಿಜಯ’ದಲ್ಲಿ, ಅಂದರೆ ಪಂಪಭಾರತದಲ್ಲಿ, ಆಶ್ರಯದಾತ ಅರಿಕೇಸರಿಯನ್ನು ಅರ್ಜುನನಿಗೆ ಹೊಂದಿಸಬೇಕಾದ್ದರಿಂದ ದ್ರೌಪದಿ ಅರ್ಜುನನೊಬ್ಬನ ಮಡದಿಯಾದಳು, ಕಡೆಗೆ ಪಟ್ಟವೂ ಅರ್ಜುನನಿಗೇ ಆಯಿತು. ಸ್ವತಃ ಮಾಡಬೇಕೆನ್ನುವವರು ಇಲ್ಲಿ ಕೇಳುವುದು ನ್ಯಾಯವಾಗಿದೆ: ಇನ್ನೊಬ್ಬರಿಂದ ಮಾಡಿಸಿದ ಕೆಲಸದಲ್ಲಿ ಯಜಮಾನನ ಮುಖ ಸುಂದರವಾಗಿಯೇ ಕಾಣುತ್ತದೆ, ತಾನು ಇರುವ ಹಾಗೆ ಕಾಣುವ ಅವಕಾಶ ಅವನಿಗೇ ತಪ್ಪುವುದಿಲ್ಲವೆ?

ಈ ಆಕ್ಷೇಪಕ್ಕೆ ಉತ್ತರವೂ ಅದೇ ಉದಾಹರಣೆಯಲ್ಲಿದೆ. ಅರಿಕೇಸರಿ ತಾನೇ ಭಾರತ ಬರೆಯಲು ಕೂತಿದ್ದರೆ ಅದರಲ್ಲಿ ಹೊಗಳಿಕೆ ಕಡಿಮೆಯಾಗುತ್ತಿತ್ತೆಂದು ಭರವಸೆ ಕೊಡುವವರಿಲ್ಲ, ಪಂಪಭಾರತವಂತೂ ಆಗುತ್ತಿರಲಿಲ್ಲ. ಆಶ್ರಯದಾತನಿಗೆ ಸಲ್ಲಬೇಕಾದ್ದನ್ನು ಸಲ್ಲಿಸಿಯೂ ಪಂಪ ಕರ್ಣನಿಗೆ ಕೊಟ್ಟ ಘನತೆಯನ್ನು ಕನ್ನಡ ಓದುಗರು ಸಾವಿರ ವರ್ಷ ಮರೆತಿಲ್ಲ. ಅಂದರೆ ಪ್ರತಿಭಾವಂತನಿಗೆ ಕೆಲಸ ಒಪ್ಪಿಸಿದಾಗ ಅವನು ಒಪ್ಪಂದದ ಗೆರೆಯ ಒಳಗಿದ್ದೂ ಒಪ್ಪಂದವನ್ನು ಮೀರುತ್ತಾನೆ. ನಾಯಕ ಸ್ವತಃ ಬರೆದಾಗ ಇನ್ನೊಂದು ತೊಡಕೂ ಇದೆ. ಅದನ್ನು ತಿದ್ದುವವರು ಯಾರು? ಅರಸ ರಚಿಸಿದ ಪದ್ಯದಲ್ಲಿ ಯತಿ ತಪ್ಪಿದೆಯೆಂದು ಹೇಳುವ ಎದೆ ಆಸ್ಥಾನದಲ್ಲಿ ಎಷ್ಟು ಜನಕ್ಕೆ ಇರುತ್ತದೆ? ಮುಖ್ಯಸ್ಥರು ಬರೆದ ನಾಟಕ ನೀರಸವೆಂದು ಶಾಲೆಯ ಕಿರಿಯ ಶಿಕ್ಷಕಿ ಬಾಯಿಬಿಟ್ಟು ಹೇಳಬಲ್ಲಳೆ? ಶ್ರೀವಿಜಯ ಬರೆದದ್ದನ್ನು ನೃಪತುಂಗ ಪ್ರಶ್ನಿಸಬಹುದಿತ್ತು. ನೃಪತುಂಗ ಬರೆದದ್ದನ್ನು ಶ್ರೀವಿಜಯ ಪ್ರಶ್ನಿಸುವುದು ಕಷ್ಟವಿತ್ತು. ಬರೆಯುವವನೂ ಒಪ್ಪುವವನೂ ಬೇರೆಯಾಗಿದ್ದಾಗ ಕೃತಿಗೆ ಕನಿಷ್ಠ ಒಂದು ಪರೀಕ್ಷೆಯಾದರೂ ಆಗುತ್ತದೆ.

ಸ್ವತಃ ಮಾಡುವವರ ಪಕ್ಷ ಇಷ್ಟಕ್ಕೆ ಸೋಲುವುದಿಲ್ಲ. ಮಾಡಿ ತಿಳಿದವನಿಗೆ ಮಾತ್ರ ಮಾಡಿಸುವ ಯೋಗ್ಯತೆ ಬರುತ್ತದೆ ಎಂಬುದು ಅದರ ಎರಡನೆಯ ದೊಡ್ಡ ವಾದ. ಬಿಲ್ಹಣನಿಂದ ಬರೆಯಿಸಿದ ವಿಕ್ರಮಾದಿತ್ಯನ ಮಗ ಮೂರನೆಯ ಸೋಮೇಶ್ವರ ತಂದೆಯ ದಾರಿ ಹಿಡಿಯಲಿಲ್ಲ. 1129ರ ಸುಮಾರಿಗೆ ರಚಿತವಾದ ‘ಮಾನಸೋಲ್ಲಾಸ’ ಅವನ ಹೆಸರಿನಲ್ಲಿದೆ. ರಾಜನೀತಿಯಿಂದ ಅಡುಗೆಯವರೆಗೆ, ಆನೆ ಪಳಗಿಸುವುದರಿಂದ ಚಿತ್ರಕಲೆ, ಸಂಗೀತದವರೆಗೆ ನೂರು ಅಧ್ಯಾಯಗಳಲ್ಲಿ ಹರಡಿದ ಆ ಗ್ರಂಥದಲ್ಲಿ ಆಸ್ಥಾನ ವಿದ್ವಾಂಸರ ನೆರವು ಇದ್ದಿರಬಹುದು. ಆದರೂ ಅರಮನೆಯ ಬದುಕನ್ನು ಒಳಗಿನಿಂದ ಬಲ್ಲವನ ಕಣ್ಣು ಅಲ್ಲಿ ಕಾಣುತ್ತದೆ. ವೃತ್ತಿರಂಗಭೂಮಿಯಲ್ಲಿ ಗದುಗಿನ ಗರುಡ ಸದಾಶಿವರಾಯರದೂ ಇದೇ ಮಾದರಿ. ದತ್ತಾತ್ರೇಯ ನಾಟಕ ಮಂಡಳಿಯ ಯಜಮಾನರಾಗಿದ್ದ ಅವರು ನಾಟಕ ಬರೆದರು, ಕಲಿಸಿದರು, ಮುಖ್ಯ ಪಾತ್ರವನ್ನೂ ತಾವೇ ಹಾಕಿದರು. ಕಂಪನಿಯಲ್ಲಿ ಯಾರಿಗೂ ‘ಇದು ಯಜಮಾನರಿಗೆ ತಿಳಿಯದ ಕಷ್ಟ’ ಎನ್ನುವ ಪ್ರಸಂಗ ಬರುವಂತಿರಲಿಲ್ಲ. ದುಡಿಮೆಯ ಬೆಲೆ ಬಲ್ಲ ಯಜಮಾನನ ಕೆಳಗೆ ಕೆಲಸ ಮಾಡುವುದರಲ್ಲಿ ಒಂದು ಭದ್ರತೆಯೂ ಇದೆ.

ಗುಬ್ಬಿ ವೀರಣ್ಣನವರ ದಾರಿ ಇದಕ್ಕೆ ಪ್ರತಿಯಾಗಿ ನಿಲ್ಲುತ್ತದೆ. ವೀರಣ್ಣನವರೂ ನಟರು, ಅದರಲ್ಲೂ ಹಾಸ್ಯದಲ್ಲಿ ಎತ್ತಿದ ಕೈ. ಆದರೆ ಬರೆಯುವ ಕೆಲಸವನ್ನು ಅವರು ಬರೆಯಬಲ್ಲವರಿಗೆ ಬಿಟ್ಟರು. ಬಿ. ಪುಟ್ಟಸ್ವಾಮಯ್ಯನವರ ‘ಕುರುಕ್ಷೇತ್ರ’ ರಂಗದ ಮೇಲೆ ಆನೆ ಕುದುರೆಗಳೊಂದಿಗೆ ಮೆರೆದದ್ದು ಈ ಹಂಚಿಕೆಯ ಫಲ. ನಟ, ಸಾಹಿತಿ, ಸಂಗೀತಗಾರ, ರಂಗಸಜ್ಜಿಕೆಯವರು ಇವರನ್ನೆಲ್ಲ ಒಂದೆಡೆ ಕೂಡಿಸುವುದೇ ಅವರ ಸೃಜನಶೀಲತೆಯಾಗಿತ್ತು. ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣನವರು ಇನ್ನೂ ಒಂದು ಹೆಜ್ಜೆ ಮುಂದೆ ಹೋದರು. 1949ರಲ್ಲಿ ಹುಟ್ಟಿದ ಅಲ್ಲಿಯ ರಂಗಸಂಸ್ಥೆ ನೀನಾಸಮ್‌ಗೆ 1980ರಲ್ಲಿ ರಂಗಶಿಕ್ಷಣ ಕೇಂದ್ರ, 1985ರಲ್ಲಿ ಊರೂರು ಸುತ್ತುವ ನಾಟಕ ತಂಡ ‘ತಿರುಗಾಟ’ ಸೇರಿದವು. ಸುಬ್ಬಣ್ಣ ಸ್ವತಃ ಬರಹಗಾರರು, ಅನುವಾದಕರು; ಆದರೂ ವೇದಿಕೆಯನ್ನು ನಾಡಿನ ಬೇರೆ ಬೇರೆ ನಿರ್ದೇಶಕರಿಗೆ ತೆರೆದಿಟ್ಟರು. ಕಟ್ಟಿದವರ ಕಾಲದ ಆಚೆಗೂ ಸಂಸ್ಥೆ ಉಸಿರಾಡುತ್ತಿರುವುದಕ್ಕೆ ಈ ತೆರೆದ ಬಾಗಿಲು ಒಂದು ಮುಖ್ಯ ಕಾರಣವೆಂದು ಹೇಳಬಹುದು. ಎಲ್ಲವನ್ನೂ ತಾನೇ ಮಾಡುವವನ ಸಂಸ್ಥೆಗೆ ಅವನ ಆಯುಷ್ಯವೇ ಗಡಿಯಾಗುವ ಅಪಾಯವಿದೆ.

ಭೀಮಾ ತೀರದಲ್ಲೇ ಇದಕ್ಕೆ ಇನ್ನಷ್ಟು ಸೂಕ್ಷ್ಮವಾದ ನಿದರ್ಶನವಿದೆ. ಅಫಜಲಪುರ ತಾಲ್ಲೂಕಿನ ಬಿದನೂರಿನಲ್ಲಿ ಹುಟ್ಟಿದ ಮಡಿವಾಳಪ್ಪನವರು ಜೇವರ್ಗಿ ಸೀಮೆಯ ಕಡಕೋಳದಲ್ಲಿ ನೆಲೆಸಿದರು. ಆ ಊರು ಈಗ ಯಡ್ರಾಮಿ ತಾಲ್ಲೂಕಿಗೆ ಸೇರಿದೆ. ಅವರು ತತ್ವಪದಗಳನ್ನು ತಾವೇ ಕಟ್ಟಿ ಹಾಡಿದರು. ಆದರೆ ಹಾಡುವ ಹಕ್ಕನ್ನು ತಮ್ಮಲ್ಲೇ ಇಟ್ಟುಕೊಳ್ಳಲಿಲ್ಲ. ಚೆನ್ನೂರ ಜಲಾಲಸಾಹೇಬ, ಖೈನೂರ ಕೃಷ್ಣಪ್ಪ, ತೆಲಗಬಾಳ ರೇವಪ್ಪ ಮೊದಲಾದ ಶಿಷ್ಯರು ಜಾತಿ ಮತಗಳ ಗೋಡೆ ದಾಟಿ ಬಂದು ತಾವೂ ಪದಕಾರರಾದರು. ಇಲ್ಲಿ ಗುರು ಕೆಲಸವನ್ನು ಹಂಚಿಕೊಟ್ಟರು ಎನ್ನುವುದಕ್ಕಿಂತ ದನಿಯನ್ನು ಹಬ್ಬಿಸಿದರು ಎನ್ನುವುದು ಸರಿ. ಶಿಷ್ಯರು ಗುರುವಿನ ಪರವಾಗಿ ಹಾಡಲಿಲ್ಲ, ಗುರುವಿನಿಂದ ಕಲಿತು ತಮ್ಮ ಪರವಾಗಿ ಹಾಡಿದರು. ಸ್ವತಃ ಮಾಡುವುದು ಮತ್ತು ಒಪ್ಪಿಸುವುದು ಪರಸ್ಪರ ವೈರಿಗಳಾಗಬೇಕಿಲ್ಲ ಎಂಬ ಸುಳಿವು ಈ ಪರಂಪರೆಯಲ್ಲಿದೆ.

ಆದರೆ ಅನುಭಾವದ ಪರಂಪರೆಯಲ್ಲಿ ಸಾಧ್ಯವಾದದ್ದು ಕಚೇರಿಯಲ್ಲಿ, ವಿದ್ಯಾಸಂಸ್ಥೆಯಲ್ಲಿ ಅಷ್ಟು ಸುಲಭವಲ್ಲ. ಅಲ್ಲಿ ಒಪ್ಪಿಸುವಿಕೆಯ ಎರಡನೆಯ ರೋಗ ಕಾಣಿಸಿಕೊಳ್ಳುತ್ತದೆ. ಕೆಲಸ ಒಬ್ಬರದು, ಹೆಸರು ಇನ್ನೊಬ್ಬರದು. ಗಂಗರ ದಂಡನಾಯಕ ಚಾವುಂಡರಾಯ ಶ್ರವಣಬೆಳಗೊಳದಲ್ಲಿ ಗೊಮ್ಮಟನನ್ನು ನಿಲ್ಲಿಸಿದ. ಪಾದದ ಬಳಿಯ ಶಾಸನ ಅದನ್ನು ಅವನು ಮಾಡಿಸಿದನೆಂದು ಒಂದಕ್ಕಿಂತ ಹೆಚ್ಚು ಭಾಷೆಗಳಲ್ಲಿ ಸಾರುತ್ತದೆ. ಮಾಡಿದ ಶಿಲ್ಪಿಯ ಹೆಸರು ಅಲ್ಲಿಲ್ಲ. ಬೆಟ್ಟದ ಬಂಡೆಯಿಂದ ಅಂಥ ಮುಖಭಾವವನ್ನು ಬಿಡಿಸಿದ ಕೈ ಯಾರದೆಂದು ಸಾವಿರ ವರ್ಷಗಳ ನಂತರವೂ ಖಚಿತವಾಗಿ ಹೇಳಲಾಗದು. ಶ್ರೀವಿಜಯನ ಹೆಸರು ಬಹುಕಾಲ ಅರಸನ ಹೆಸರಿನ ಹಿಂದೆ ಮರೆಯಾಗಿದ್ದುದೂ ಇದೇ ಬಗೆಯ ನಷ್ಟ. ಇಂದಿನ ಮುನ್ನುಡಿಗಳು, ಭಾಷಣಗಳು, ವರದಿಗಳು, ಕೆಲವೊಮ್ಮೆ ಸಂಶೋಧನಾ ಲೇಖನಗಳು ಕೂಡ ಹೀಗೆ ಕಿರಿಯರ ಕೈಯಲ್ಲಿ ಹುಟ್ಟಿ ಹಿರಿಯರ ಹೆಸರಿನಲ್ಲಿ ಓಡಾಡುತ್ತವೆ. ಈಗಂತೂ ಬರೆದುಕೊಡಲು ಯಂತ್ರವೂ ಸಿದ್ಧವಿದೆ. ಆಗ ನುಡಿಗೆ ಹೊಣೆ ಹೊರುವವರು ಯಾರು ಎಂಬ ಪ್ರಶ್ನೆ ಮತ್ತಷ್ಟು ಗಂಭೀರವಾಗುತ್ತದೆ.

ಇದನ್ನು ಒಪ್ಪಿಸುವಿಕೆಯ ಸಹಜ ದೋಷವೆಂದು ತೀರ್ಮಾನಿಸುವ ಮೊದಲು ಒಂದು ಪ್ರತಿ ಉದಾಹರಣೆಯನ್ನು ನೆನೆಯಬೇಕು. ಸಂವಿಧಾನದ ಕರಡು ಸಮಿತಿಯ ಅಧ್ಯಕ್ಷರಾಗಿದ್ದ ಡಾ. ಅಂಬೇಡ್ಕರ್ ಸಭೆಯಲ್ಲಿ ಪ್ರತಿಯೊಂದು ವಿಧಿಯನ್ನು ಸಮರ್ಥಿಸುವ ಭಾರ ಹೊತ್ತವರು. ಎಲ್ಲರ ಮೆಚ್ಚುಗೆ ತಮ್ಮ ಮೇಲೆ ಸುರಿಯುತ್ತಿದ್ದಾಗ, 1949ರ ನವೆಂಬರ್ 25ರ ಭಾಷಣದಲ್ಲಿ ಅವರು ಆ ಶ್ರೇಯಸ್ಸು ತಮ್ಮೊಬ್ಬರದಲ್ಲವೆಂದು ಸ್ಪಷ್ಟವಾಗಿ ಹೇಳಿದರು. ಮೊದಲ ಕರಡು ಸಿದ್ಧಪಡಿಸಿದ ಮಂಗಳೂರು ಮೂಲದ ಬಿ.ಎನ್. ರಾಯರನ್ನೂ, ಕರಡಿನ ಭಾಷೆಯನ್ನು ಕಡೆದ ಎಸ್.ಎನ್. ಮುಖರ್ಜಿಯವರನ್ನೂ ಹೆಸರು ಹಿಡಿದು ಸ್ಮರಿಸಿದರು. ಅದರಿಂದ ಅವರ ಎತ್ತರ ಕಡಿಮೆಯಾಗಲಿಲ್ಲ. ರೋಗವಿರುವುದು ಒಪ್ಪಿಸುವುದರಲ್ಲಿ ಅಲ್ಲ, ಒಪ್ಪಿಸಿದ್ದನ್ನು ಮುಚ್ಚಿಡುವುದರಲ್ಲಿ ಎಂದು ಈ ಪ್ರಸಂಗ ತೋರಿಸುತ್ತದೆ.

ಎರಡು ದಾರಿಗಳ ಲಾಭನಷ್ಟವನ್ನು ಒಂದೇ ಕೆಲಸದಲ್ಲಿ ಅಳೆದು ನೋಡಲು ವಚನ ಸಂಪಾದನೆಯ ಇತಿಹಾಸ ಅವಕಾಶ ಕೊಡುತ್ತದೆ. ವಿಜಯಪುರದ ವಕೀಲರಾಗಿದ್ದ ಫ.ಗು. ಹಳಕಟ್ಟಿಯವರು ತಾಳೆಗರಿ ಹುಡುಕಿ ಊರೂರು ಅಲೆದರು, ಓದಿದರು, ಪ್ರತಿ ಮಾಡಿದರು, 1923ರಲ್ಲಿ ‘ವಚನಶಾಸ್ತ್ರಸಾರ’ ಹೊರತಂದರು, 1926ರಲ್ಲಿ ‘ಶಿವಾನುಭವ’ ಪತ್ರಿಕೆ ಆರಂಭಿಸಿದರು, ಮುದ್ರಣಾಲಯವನ್ನೂ ತಾವೇ ನಡೆಸಿದರು. ಸಂಗ್ರಾಹಕ, ಸಂಪಾದಕ, ಪ್ರಕಾಶಕ, ಮುದ್ರಕ ಎಲ್ಲವೂ ಒಬ್ಬರೇ. ಅದಕ್ಕಾಗಿ ಮನೆಯನ್ನೂ ಮಾರಿದರು. ಯಾರಿಗೆ ಒಪ್ಪಿಸಬೇಕಿತ್ತು? ಆ ಕೆಲಸದ ಮಹತ್ವವನ್ನು ಅಷ್ಟು ತೀವ್ರವಾಗಿ ಕಂಡವರು ಆಗ ಅವರೊಬ್ಬರೇ ಎನ್ನುವಂತಿತ್ತು. ಹೊಸ ಕೆಲಸವೊಂದು ಇನ್ನೂ ಕನಸಾಗಿರುವಾಗ, ಅದರ ಆಕಾರ ಬೇರೆಯವರಿಗೆ ಹೇಳಿ ತಿಳಿಸುವಷ್ಟು ಸ್ಪಷ್ಟವಾಗಿಲ್ಲದಿರುವಾಗ, ಕಂಡವನೇ ಮಾಡಬೇಕಾಗುತ್ತದೆ. ಬೆಲೆ ಮಾತ್ರ ಕಡಿಮೆಯದಲ್ಲ. ಒಂದು ಜೀವ, ಒಂದು ಸಂಸಾರ ಪೂರ್ತಿ ಅದಕ್ಕೆ ತೇಯ್ದುಹೋಯಿತು. ಒಬ್ಬರೇ ನೋಡಿದ ಪಾಠಗಳನ್ನು ಮುಂದಿನವರು ಮತ್ತೆ ಪರಿಷ್ಕರಿಸಬೇಕಾಯಿತು.

ಎಪ್ಪತ್ತು ವರ್ಷಗಳ ನಂತರ ಅದೇ ಕೆಲಸ ಇನ್ನೊಂದು ಹಂತಕ್ಕೆ ಬಂತು. ‘ಸಮಗ್ರ ವಚನ ಸಂಪುಟ’ ಹದಿನೈದು ಸಂಪುಟಗಳಾಗಿ 1993ರಲ್ಲಿ ಹೊರಬಂದಾಗ ಪ್ರಧಾನ ಸಂಪಾದಕರು ಸಿಂದಗಿ ಸೀಮೆಯವರಾದ ಎಂ.ಎಂ. ಕಲಬುರ್ಗಿ. ಆ ಹೊತ್ತಿಗೆ ದಾರಿ ಸ್ಪಷ್ಟವಾಗಿತ್ತು, ತರಬೇತಾದ ವಿದ್ವಾಂಸರ ಒಂದು ತಲೆಮಾರೇ ಸಿದ್ಧವಿತ್ತು. ಶಿವಶರಣೆಯರ ಸಂಪುಟ ವೀರಣ್ಣ ರಾಜೂರರ ಕೈಯಲ್ಲಿ ಸಿದ್ಧವಾಯಿತು, ಉಳಿದವೂ ಆಯಾ ಸಂಪಾದಕರ ಹೆಸರಿನಲ್ಲೇ ಹೊರಬಂದವು. ಕಲಬುರ್ಗಿಯವರು ಎಲ್ಲವನ್ನೂ ಒಪ್ಪಿಸಿ ಮೇಲ್ವಿಚಾರಣೆಗೆ ಮಾತ್ರ ನಿಲ್ಲಲಿಲ್ಲ. ಬಸವಣ್ಣನವರ ವಚನಗಳ ಸಂಪುಟವನ್ನು ತಾವೇ ಸಂಪಾದಿಸಿದರು. ಹಳಕಟ್ಟಿಯವರ ದಾರಿ ಸರಿಯೋ ಕಲಬುರ್ಗಿಯವರದೋ ಎಂದು ಕೇಳುವುದರಲ್ಲಿ ಅರ್ಥವಿಲ್ಲ. ಮೊದಲಿನವರು ಒಬ್ಬಂಟಿಯಾಗಿ ಹೊರದಿದ್ದರೆ ಎರಡನೆಯವರಿಗೆ ಹಂಚಲು ಏನೂ ಇರುತ್ತಿರಲಿಲ್ಲ. ಎರಡನೆಯವರು ಹಂಚದಿದ್ದರೆ ಮೊದಲಿನವರ ಕನಸು ಸಮಗ್ರವಾಗುತ್ತಿರಲಿಲ್ಲ.

ಇಷ್ಟು ವಾದಗಳನ್ನು ಎದುರುಬದುರು ಇಟ್ಟ ಮೇಲೆ ಒಂದು ಪಕ್ಷಕ್ಕೆ ಪೂರ್ಣ ಜಯ ಸಾರುವುದು ಪ್ರಾಮಾಣಿಕವಾಗಲಾರದು. ಆದರೆ ಎರಡೂ ಸರಿ ಎಂದು ಕೈತೊಳೆದುಕೊಳ್ಳುವುದೂ ಓದುಗರಿಗೆ ಮಾಡುವ ಉಪಕಾರವಲ್ಲ. ಕೆಲಸದ ಸತ್ಯ ಎಲ್ಲಿ ನೆಲೆಸಿದೆ ಎಂಬುದನ್ನು ಮೊದಲು ನೋಡಬೇಕೆಂದು ತೋರುತ್ತದೆ. ಒಂದು ರಚನೆಯ ಸತ್ಯ ನಾಯಕನ ಸ್ವಂತ ನಡೆಯಲ್ಲಿದ್ದರೆ, ಅಂದರೆ ಅದು ಅವನ ಮಾತುಕೊಡುವಿಕೆಯೋ ತಪ್ಪೊಪ್ಪಿಗೆಯೋ ನಂಬಿಕೆಯೋ ಆಗಿದ್ದರೆ, ಅದನ್ನು ಅವನೇ ಮಾಡಬೇಕು. ಭಾಷೆ ಒರಟಾದರೂ ಚಿಂತೆಯಿಲ್ಲ. ಸಂಸ್ಥೆಯ ಅಧ್ಯಕ್ಷರು ಅಗಲಿದ ಸಹೋದ್ಯೋಗಿಗೆ ಸಲ್ಲಿಸುವ ನುಡಿನಮನವನ್ನು ಗುಮಾಸ್ತರಿಂದ ಬರೆಯಿಸಬಾರದು. ರಚನೆಯ ಸತ್ಯ ಕಸುಬಿನ ನೈಪುಣ್ಯದಲ್ಲಿ, ವಿದ್ವತ್ತಿನ ವಿಸ್ತಾರದಲ್ಲಿ ಇದ್ದರೆ ಅದನ್ನು ಬಲ್ಲವರಿಗೆ ಬಿಡುವುದೇ ಲೇಸು. ಶಿಲ್ಪ, ನಿಘಂಟು, ಕಾವ್ಯಶಾಸ್ತ್ರ, ಶಾಲೆಯ ನಾಟಕ ಎಲ್ಲಕ್ಕೂ ಈ ಮಾತು ಅನ್ವಯಿಸುತ್ತದೆ. ಕೆಲಸ ಇನ್ನೂ ಕನಸಿನ ಹಂತದಲ್ಲಿದ್ದರೆ ನಾಯಕನ ಕೈ ಹೆಚ್ಚು ಇರಲಿ. ದಾರಿ ಬಿದ್ದ ಮೇಲೆ ಕೈ ಹಿಂದಕ್ಕೆ ಸರಿಯಲಿ.

ಇದನ್ನೂ ಶರತ್ತುಗಳಿಲ್ಲದೆ ಹೇಳಲಾಗದು. ಒಪ್ಪಿಸಿದವರು ಒಪ್ಪಿಸಿದ್ದನ್ನು ನಿಜವಾಗಿ ಬಿಟ್ಟುಕೊಡಬೇಕು. ಕೆಲಸ ಕೊಟ್ಟು, ಪ್ರತಿ ಸಾಲಿಗೂ ತಮ್ಮ ರುಚಿಯನ್ನೇ ಹೇರಿ, ಕಡೆಗೆ ಯಾರದೂ ಅಲ್ಲದ ಕೃತಿಯನ್ನು ಹೊರತರುವುದು ಎರಡೂ ದಾರಿಗಳ ನಷ್ಟವನ್ನು ಒಟ್ಟಿಗೆ ತರುತ್ತದೆ. ಒಪ್ಪುವ, ತಿದ್ದಲು ಹೇಳುವ, ಬೇಡವೆನ್ನುವ ಅಧಿಕಾರ ನಾಯಕನಿಗೆ ಇರಲಿ. ಆದರೆ ಅದನ್ನು ಮೊದಲು ಮತ್ತು ಕೊನೆಗೆ ಬಳಸಬೇಕು, ನಡುವೆ ಪದೇಪದೇ ಅಲ್ಲ. ಮಾಡಿದವರ ಹೆಸರು ಮಾಡಿಸಿದವರ ಹೆಸರಿನ ಪಕ್ಕದಲ್ಲಿ ಓದಲು ಬರುವಷ್ಟು ದೊಡ್ಡದಾಗಿ ಇರಬೇಕು. ಸ್ವತಃ ಮಾಡುವವರು ತಮ್ಮ ಕೃತಿಯನ್ನು ಧೈರ್ಯವಾಗಿ ಟೀಕಿಸಬಲ್ಲ ಒಬ್ಬರಿಗಾದರೂ ಮೊದಲು ತೋರಿಸಬೇಕು, ಮತ್ತು ಆ ಟೀಕೆಗೆ ದಂಡ ವಿಧಿಸಬಾರದು.

ಎಲ್ಲವನ್ನೂ ಹಂಚಿದ ನಾಯಕನೂ ತನ್ನ ಪಾಲಿಗೆ ಒಂದು ಸಂಪುಟವನ್ನಾದರೂ ಉಳಿಸಿಕೊಳ್ಳುವುದು ಒಳ್ಳೆಯದೆಂದು ಅಳುಕಿನಿಂದಲೇ ಸೂಚಿಸಬಹುದು. ಎಲ್ಲರಿಗೂ ಇದು ಸಾಧ್ಯವಾಗಲಾರದು; ಕೆಲವರ ಪ್ರತಿಭೆ ಕೂಡಿಸುವುದರಲ್ಲೇ ಇರುತ್ತದೆ, ಅವರನ್ನು ಬರೆಯಿರೆಂದು ಪೀಡಿಸುವುದು ತರವಲ್ಲ. ಆದರೆ ಸಾಧ್ಯವಿರುವವರು ಕಸುಬಿನ ಒಂದು ಮೂಲೆಯಲ್ಲಿ ತಾವೂ ದುಡಿಯುತ್ತಿದ್ದರೆ ಉಳಿದವರ ದುಡಿಮೆಯನ್ನು ಅಳೆಯುವ ಹಕ್ಕು ಅವರಿಗೆ ನ್ಯಾಯವಾಗಿ ದಕ್ಕುತ್ತದೆ. ಕಿರಿಯರಿಗೂ ಅವರ ತಿದ್ದುಪಡಿ ಅಪ್ಪಣೆಯಂತೆ ಕೇಳುವುದಿಲ್ಲ, ಜೊತೆಗಾರರ ಸಲಹೆಯಂತೆ ಕೇಳುತ್ತದೆ. ಕಡಗಂಚಿಯ ವಿಶ್ವವಿದ್ಯಾಲಯದ ವಿಭಾಗವಿರಲಿ, ಪಕ್ಕದ ಹಳ್ಳಿಯ ಶಾಲೆಯಿರಲಿ, ಹೊಸ ವರ್ಷದ ಕೆಲಸ ಹಂಚುವಾಗ ಮುಖ್ಯಸ್ಥರು ಮೂರು ಪ್ರಶ್ನೆ ಕೇಳಿಕೊಂಡರೆ ಹೆಚ್ಚಿನ ಗೊಂದಲ ತಾನಾಗಿ ಬಗೆಹರಿಯಬಹುದು: ಇದರಲ್ಲಿ ನಾನೇ ಹೇಳಬೇಕಾದದ್ದು ಯಾವುದು, ನನಗಿಂತ ಚೆನ್ನಾಗಿ ಮಾಡಬಲ್ಲವರು ಯಾರು, ಅವರು ಮಾಡಿದಾಗ ಅವರ ಹೆಸರನ್ನು ಎಲ್ಲಿ ಅಚ್ಚು ಹಾಕಿಸುತ್ತೇನೆ?